ಒಂದು ಮೊರ ತೌಡಿನ ಹೆಸರು

ನನ್ನ ಹೆಸರು ತೌಡಪ್ಪ. ಮೊದಲ ಸಲ ಕೇಳಿದವರು ಸರಿಯಾಗಿ ಕೇಳಿಸಲಿಲ್ಲವೇನೋ ಎಂದು ಇನ್ನೊಂದು ಸಲ ಕೇಳುತ್ತಾರೆ. ಭತ್ತ ಅಕ್ಕಿಯಾಗುವಾಗ ಉದುರುವ ಪುಡಿ, ದನಗಳಿಗೆ ಕಲಸಿ ಇಡುತ್ತಾರಲ್ಲ, ಅದೇ ತೌಡು ಎಂದು ನಾನೇ ಬಿಡಿಸಿ ಹೇಳುತ್ತೇನೆ. ಮಾಚೇನಹಳ್ಳಿಯ ವರ್ಕ್‌ಶಾಪಿನಲ್ಲಿ ಲೇತ್ ಮುಂದೆ ನಿಂತು ದುಡಿದಷ್ಟು ವರ್ಷವೂ ಊಟದ ಡಬ್ಬಿ ಬಿಚ್ಚಿದರೆ ಸಾಕು, ಜೊತೆಯವರು "ಏನ್ ಮಾರಾಯ, ಇವತ್ತು ಬರೀ ತೌಡೋ, ಹಿಂಡಿನೂ ಹಾಕಿದಾರೋ?" ಎನ್ನುತ್ತಿದ್ದರು. ನಾನೂ ಅವರ ಜೊತೆ ನಗುತ್ತಿದ್ದೆ. ಇಂಥ ಹೆಸರಿನಿಂದ ಈ ವಯಸ್ಸಿನಲ್ಲಿ ನನಗೆ ಇಷ್ಟು ಸಂತೋಷ ಬರುತ್ತದೆ ಎಂದು ಯಾರಾದರೂ ಹೇಳಿದ್ದರೆ ನಂಬುತ್ತಿರಲಿಲ್ಲ. ಮೂರನೇ ಕ್ಲಾಸಿಗೇ ಶಾಲೆ ಬಿಟ್ಟವನು ನಾನು, ಬರೆದು ಅಭ್ಯಾಸವಿಲ್ಲ. ಆದರೆ ಇದನ್ನು ಹೇಳದೆ ಇದ್ದರೆ ಹೊಟ್ಟೆ ಒಡೆದುಹೋದೀತು.

ನನಗೆ ಮೊಮ್ಮಗಳು ಹುಟ್ಟಿದ್ದಾಳೆ. ಕೆನ್ನೆ ನೋಡಿದರೆ ಆಗತಾನೆ ಎಣ್ಣೆಯಿಂದ ತೆಗೆದ ಕಜ್ಜಾಯ. ನಾನು ಹೋದರೆ ಸಾಕು, ಕಾಲು ಬಡಿಯುತ್ತಾಳೆ. ಎಲ್ಲ ಮಕ್ಕಳೂ ಬಡಿಯುತ್ತವೆ ಎಂದು ನನ್ನ ಹೆಂಡತಿ ಹೇಳುತ್ತಾಳೆ. ಅವಳಿಗೇನು ಗೊತ್ತು.

ನನ್ನ ಮಗಳನ್ನು ಕೊಟ್ಟಿರುವುದು ಭದ್ರಾವತಿಗೆ. ಹಳೇ ಕ್ವಾರ್ಟರ್ಸ್ ಕಡೆ ಮಹಡಿ ಮೇಲಿನ ಮನೆ. ಈ ಕೂಸಿಗಿಂತ ಮೊದಲು ಅವಳು ಎರಡು ಮಕ್ಕಳನ್ನು ಕಳೆದುಕೊಂಡಳು. ಒಂದು ಹೊಟ್ಟೆಯಲ್ಲೇ ಹೋಯಿತು, ಇನ್ನೊಂದು ಹುಟ್ಟಿ ಕಣ್ಣು ಬಿಡುವಷ್ಟರಲ್ಲಿ ಹೋಯಿತು. ಎರಡಕ್ಕೂ ಬಸುರಿಯಿದ್ದಾಗಲೇ ಗಂಡ ಹೆಂಡತಿ ಕೂತು ಹೆಸರು ಆರಿಸಿಟ್ಟಿದ್ದರು. ಆ ಹೆಸರುಗಳನ್ನು ಈಗ ಮನೆಯಲ್ಲಿ ಯಾರೂ ಬಾಯಿಗೆ ತರುವುದಿಲ್ಲ.

ಹಾಗಾಗಿ ಈ ಮಗು ಗಟ್ಟಿಮುಟ್ಟಾಗಿ ಹುಟ್ಟಿದರೂ ಅವಳು ಹೆಸರಿಡಲು ಒಪ್ಪಲಿಲ್ಲ. ಬಾಣಂತನಕ್ಕೆ ಆಲ್ಕೊಳದ ನಮ್ಮ ಮನೆಗೆ ಬಂದಿದ್ದಾಗ ತೊಟ್ಟಿಲಿಗೆ ಹಾಕುವ ಶಾಸ್ತ್ರವನ್ನು ಮುಂದಿನ ತಿಂಗಳು ಎಂದಳು. ಮುಂದಿನ ತಿಂಗಳು ಬಂದಾಗ ಅದರ ಮುಂದಿನ ತಿಂಗಳು ಎಂದಳು. ಭದ್ರಾವತಿಗೆ ವಾಪಸು ಹೋದಳು, ಮಗು ಮಗುಚಿಕೊಳ್ಳಲು ಕಲಿಯಿತು, ಆಗಲೂ ಅದು ಬರೀ ಪಾಪು. ಅವಳ ಅತ್ತೆ ಒಳ್ಳೆಯವರು, ಬಲವಂತ ಮಾಡಲಿಲ್ಲ. ಆದರೆ ಬಂದವರು ಹೋದವರು ಕೇಳುವುದನ್ನು ಬಿಡುತ್ತಾರೆಯೇ? ಕೇಳಿದಾಗಲೆಲ್ಲ ಮಗಳ ಮುಖ ಬಾಡುತ್ತಿತ್ತು. ಒಂದು ಹೆಸರು ಹಿಡಿದು ಕರೆದರೆ ಇದೂ ಕೈಬಿಟ್ಟು ಹೋಗುತ್ತದೆ ಎಂಬ ಭಯ ಅವಳಿಗೆ. ಮಗು ನಿದ್ದೆ ಮಾಡಿದರೂ ಇವಳಿಗೆ ನಿದ್ದೆಯಿಲ್ಲ. ಎತ್ತಿಕೊಂಡು ಮುದ್ದು ಮಾಡುವಾಗಲೂ ಯಾರದೋ ಒಡವೆ ಇಟ್ಟುಕೊಂಡವಳ ಹಾಗೆ ಹೆದರುತ್ತಿದ್ದಳು.

ಹೀಗಿರುವಾಗ ಒಂದು ಮಧ್ಯಾಹ್ನ ನಾನೂ ಹೆಂಡತಿಯೂ ಭದ್ರಾವತಿಗೆ ಹೋಗಿದ್ದೆವು. ಮಗು ನನ್ನ ತೊಡೆಯ ಮೇಲಿತ್ತು. ಮಗಳು ಬಟ್ಟೆ ಮಡಚುತ್ತಿದ್ದವಳು ಇದ್ದಕ್ಕಿದ್ದಂತೆ, ನಿಮಗೆ ಆ ಹೆಸರು ಯಾಕಿಟ್ಟರು ಎಂದು ಕೇಳಿದಳು. ಶಾಲೆಗೆ ಹೋಗುವಾಗ ಅವಳಿಗೆ ನನ್ನ ಹೆಸರೆಂದರೆ ನಾಚಿಕೆ. ಹುಡುಗಿಯರು ಆಡಿಕೊಳ್ಳುತ್ತಾರೆಂದು ಅಳುತ್ತಿದ್ದಳು. ಅದಕ್ಕೇ ನಾನು ಆ ವಿಷಯ ಎತ್ತುತ್ತಲೇ ಇರಲಿಲ್ಲ. ಈಗ ಅವಳೇ ಕೇಳಿದಳಲ್ಲ, ಹೇಳಿದೆ.

ನಮ್ಮವ್ವನಿಗೂ ನನಗಿಂತ ಮೊದಲು ಹುಟ್ಟಿದ ಮಕ್ಕಳು ಉಳಿದಿರಲಿಲ್ಲ. ನಾನು ಹುಟ್ಟಿದಾಗ ಹಿರಿಯರು, ಈ ಮಗುವನ್ನು ನಿಮ್ಮದು ಅಂತ ಇಟ್ಟುಕೊಳ್ಳಬೇಡಿ, ಮಾರಿಬಿಡಿ ಎಂದರಂತೆ. ನನ್ನನ್ನು ಮೊರದಲ್ಲಿ ಮಲಗಿಸಿ ಪಕ್ಕದ ಮನೆಯಾಕೆಗೆ ಹೊಸ್ತಿಲಾಚೆ ಕೊಟ್ಟರು. ಆಕೆ ನಮ್ಮ ಜಾತಿಯವಳೂ ಅಲ್ಲ. ಮಗುವನ್ನು ಎತ್ತಿಕೊಂಡು ಅದೇ ಮೊರದ ತುಂಬ ತೌಡು ಕೊಟ್ಟಳು. ಅಲ್ಲಿಗೆ ನಾನು ಆಕೆಯ ಮಗ. ನಮ್ಮವ್ವ ಸಾಕುವವಳು ಮಾತ್ರ. ಈ ಮನೆಯ ಮಕ್ಕಳನ್ನು ಹುಡುಕಿಕೊಂಡು ಬರುವ ಸಾವಿಗೆ ಇಲ್ಲಿ ಅವರ ಮಗುವೇ ಸಿಗುವುದಿಲ್ಲ, ಇರುವುದು ತೌಡಿಗೆ ಮಾರಿಹೋದದ್ದು. ಹೆಸರು ಕೂಡ ಅದನ್ನೇ ಹೇಳಬೇಕು, ಅದಕ್ಕೆ ತೌಡಪ್ಪ. ನನ್ನನ್ನು ಕೊಂಡ ಆಕೆಯನ್ನು ನಾನು ಕೊಂಡವ್ವ ಎಂದೇ ಕರೆಯುತ್ತಿದ್ದೆ. ಯುಗಾದಿಗೆ ಅಂಗಿ ಹೊಲಿಸುತ್ತಿದ್ದಳು. ನನಗೆ ಜ್ವರ ಬಂದರೆ ಬಾಗಿಲಿಗೆ ಬಂದು, ನನ್ನ ಮಗನನ್ನು ಹೀಗೇನು ನೋಡಿಕೊಳ್ಳುವುದು ಎಂದು ನಮ್ಮವ್ವನಿಗೇ ಜೋರು ಮಾಡುತ್ತಿದ್ದಳು. ನಮ್ಮವ್ವ ತಲೆ ತಗ್ಗಿಸಿ ನಗುತ್ತಿದ್ದಳು.

ಮಗಳು ಪೂರ್ತಿ ಕೇಳಿಸಿಕೊಂಡಳು. ಮಡಚಿದ ಲಂಗೋಟಿಯನ್ನೇ ಬಿಚ್ಚಿ ಮತ್ತೆ ಮಡಚಿದಳು. ಆಮೇಲೆ ಹೇಳಿದಳು:

"ಅಪ್ಪ, ಪಾಪುನೂ ಮಾರಿಬಿಡೋಣ."

ನಾನು ಇಂಥದ್ದನ್ನೆಲ್ಲ ನಂಬುತ್ತೇನೋ ಇಲ್ಲವೋ, ಈವತ್ತಿಗೂ ಗೊತ್ತಿಲ್ಲ. ಅವಳ ಮುಖದಲ್ಲಿ ಏನೋ ಒಂದು ಸಡಿಲವಾದದ್ದು ಮಾತ್ರ ಕಂಡಿತು. ಅಳಿಯನೂ, ಅವಳಿಗೆ ಸಮಾಧಾನ ಆಗುತ್ತೆ ಅಂದ್ರೆ ಮಾಡಿ ಮಾವ ಎಂದ.

ನನಗೆ ಬಂದ ಹುರುಪು ಹೇಳತೀರದು. ಮರುದಿನವೇ ಸವಳಂಗ ರಸ್ತೆಯಲ್ಲಿ ಪಶು ಆಹಾರದ ಅಂಗಡಿ ಹುಡುಕಿದೆ. ಅಂಗಡಿಯವನು ಎಷ್ಟು ಹಸು ಸಾಕಿದ್ದೀರಿ ಎಂದು ಕೇಳಿದ. ಹಸು ಇಲ್ಲ, ಮೊಮ್ಮಗಳಿದ್ದಾಳೆ ಎಂದೆ. ಅವನು ನನ್ನನ್ನೇ ನೋಡುತ್ತ ಮೂಟೆ ಕಟ್ಟಿದ. ಮೊರದಷ್ಟು ಸಾಕಾಗಿತ್ತು, ಖುಷಿಯಲ್ಲಿ ಒಂದು ಮೂಟೆಯನ್ನೇ ತಂದಿದ್ದೆ. ಹೆಂಡತಿ ಬೈದುಕೊಂಡೇ ಮನೆಯ ಮೊರ ತೊಳೆದು ಒಣಗಿಸಿದಳು. ಬಸ್ಸಿನಲ್ಲಿ ಭದ್ರಾವತಿ ಮುಟ್ಟುವಷ್ಟರಲ್ಲಿ ನನ್ನ ಪಂಚೆಯೆಲ್ಲ ತೌಡಾಗಿತ್ತು.

ಕೊಳ್ಳುವವರು ಯಾರು? ಮಗಳ ಮನೆಯ ಕೆಳಗೆ ತಮಿಳು ಮಾತಾಡುವ ಒಬ್ಬ ಅಜ್ಜಿ ಇದ್ದಾರೆ. ಅವರ ಮಾವನ ಕಾಲಕ್ಕೇ ಕಾರ್ಖಾನೆ ಕೆಲಸಕ್ಕೆಂದು ಈ ಊರಿಗೆ ಬಂದ ಮನೆತನ. ಮಗಳು ಅವರನ್ನೇ ಕೇಳೋಣ ಎಂದಳು. ಏನೆಂದುಕೊಳ್ಳುತ್ತಾರೋ ಎಂದು ನನಗೆ ಸಂಕೋಚ. ನಾನು ಅರ್ಧ ಹೇಳಿರಲಿಲ್ಲ, ಅವರು ಕಣ್ಣರಳಿಸಿದರು. ಅವರ ಕಡೆಯೂ ಹೀಗೇ ಮಾಡುತ್ತಾರಂತೆ. ಅವರ ಸ್ವಂತ ದೊಡ್ಡಮ್ಮನನ್ನು ತೌಡಿಗೇ ಕೊಂಡಿದ್ದರಂತೆ, ಹೆಸರು ತವಿಟ್ಟಮ್ಮ ಅಂತೆ. ಇಡೀ ಭೂಮಿಯ ಮೇಲೆ ಈ ಹೆಸರು ಹೊತ್ತವನು ನಾನೊಬ್ಬನೇ ಎಂದುಕೊಂಡಿದ್ದವನಿಗೆ ಎಲ್ಲೋ ಕಳೆದುಹೋಗಿದ್ದ ಅಕ್ಕ ಸಿಕ್ಕಿದ ಹಾಗಾಯಿತು. ಅಲ್ಲೇ ಮೆಟ್ಟಿಲ ಮೇಲೆ ಕೂತುಬಿಟ್ಟೆ.

ಆಮೇಲೆ ಅಜ್ಜಿಯ ಕಣ್ಣು ನನ್ನ ಮೂಟೆಯ ಮೇಲೆ ಬಿತ್ತು. ಇದೇನು ಎಂದರು. ತೌಡು, ನಿಮಗೆ ತೊಂದರೆ ಬೇಡ ಅಂತ ನಾವೇ ತಂದೆವು ಎಂದೆ.

"ಏನಣ್ಣಾ ನೀವು," ಎಂದರು. "ಮಗೂನೂ ನಿಮ್ದೇ, ತೌಡೂ ನಿಮ್ದೇ ಆದ್ರೆ ನಾನ್ ಕೊಂಡಂಗೆ ಹೆಂಗಾಗುತ್ತೆ?"

ಹೆಸರಿಗೆ ತೌಡಪ್ಪ, ನನಗೇ ಇದು ಹೊಳೆದಿರಲಿಲ್ಲ. ಹೆಂಡತಿ ನನ್ನ ಕಡೆ ನೋಡಿದ ನೋಟ ಬರೆಯಲು ಬಾರದು. ಅಜ್ಜಿ ಸೆರಗು ಸಿಕ್ಕಿಸಿಕೊಂಡು, ಹಿಂದಿನ ಬೀದಿಯಲ್ಲಿ ಹಸು ಕಟ್ಟಿರುವವರ ಮನೆಗೆ ಹೋಗಿ, ತಮ್ಮ ಲೆಕ್ಕದಲ್ಲಿ ಒಂದು ಪಾತ್ರೆ ತೌಡು ಕಡ ತಂದರು. ನನ್ನ ಮೂಟೆ ಆಮೇಲೆ ಆ ಹಸುವಿಗೇ ಹೋಯಿತು.

ಮೊರದಲ್ಲಿ ಹಳೇ ಸೀರೆ ಹಾಸಿ ಮಗುವನ್ನು ಮಲಗಿಸಿದೆವು. ಮಗಳು ಹೊಸ್ತಿಲೊಳಗೆ, ಅಜ್ಜಿ ಆಚೆ. ಕೊಡುವ ತಾಯಿ, ಈ ಮಗು ನನ್ನದಲ್ಲ ಎಂದು ಬಾಯಿಬಿಟ್ಟು ಹೇಳಬೇಕು. ಮಗಳಿಗೆ ಅದು ಬರಲೇ ಇಲ್ಲ. ಮೊರ ಹಿಡಿದ ಬೆರಳುಗಳು ಬೆಳ್ಳಗಾಗಿದ್ದವು. ಬೇಡ ಬಿಡಮ್ಮ ಎನ್ನಲು ನಾನು ಬಾಯಿ ತೆರೆದೆ, ಹೆಂಡತಿ ನನ್ನ ಕೈ ಒತ್ತಿದಳು. ಅಜ್ಜಿ ಅವಸರ ಮಾಡಲಿಲ್ಲ. ಸಂತೆಗೆ ಬಂದವರ ಹಾಗೆ ಮಗುವಿನ ಕಾಲು ಮುಟ್ಟಿ ನೋಡಿದರು, ಮೂಗು ಸ್ವಲ್ಪ ಚಪ್ಪಟೆ ಎಂದರು, ಜಾಸ್ತಿ ಅಳುತ್ತಾ, ಹೆಂಗೆ ಎಂದು ವಿಚಾರಿಸಿದರು.

ಮಗಳಿಗೆ ನಗು ಬಂತು. ನಗುವಿನ ಜೊತೆ ಅಳುವೂ ಬಂತು. ಅದರ ಮಧ್ಯೆಯೇ ಹೇಳಿಬಿಟ್ಟಳು.

"ನನ್ನದಲ್ಲ ಆಂಟಿ. ನೀವೇ ತಗೊಳ್ಳಿ."

ಅಜ್ಜಿ ಮಗುವನ್ನು ಎತ್ತಿಕೊಂಡು ಮೊರಕ್ಕೆ ತೌಡು ಸುರಿದರು. ಕೊಂಡವರೇ ಹೆಸರಿಡಬೇಕು ಎನ್ನುತ್ತ ಮಗುವಿನ ಕಿವಿಯಲ್ಲಿ ಹೆಸರು ಕರೆದು, ಆಮೇಲೆ ನಮಗೂ ಕೇಳುವಂತೆ ತೌಡಮ್ಮ ಎಂದರು. ಶಾಲೆಗೆ ಬೇರೆ ಹೆಸರು ಆಮೇಲೆ ನೋಡಿದರಾಯಿತು ಎಂದ ಅಳಿಯ. ಬೀಗಿತ್ತಿ ಮೊದಲು ಮುಖ ಸಿಂಡರಿಸಿದರು, ಸ್ವಲ್ಪ ಹೊತ್ತಿಗೆ ತೌಡಿ, ತೌಡಕ್ಕ ಎಂದು ಅವರೇ ಆಡಿಸುತ್ತಿದ್ದರು. ನನ್ನ ಕಥೆ ಕೇಳಬೇಡಿ. ಎದೆಯೊಳಗೆ ಹಿಡಿಸದಷ್ಟು ತುಂಬಿಕೊಂಡಿತ್ತು, ಪಂಚೆಯ ತೌಡು ಕೊಡವುವ ನೆವದಲ್ಲಿ ಕೆಳಗಿನ ಹಿತ್ತಲಿಗೆ ಹೋಗಿ ನಿಂತು ಬಂದೆ.

ಸಂಜೆ ನಾವು ಹೊರಡುವ ಹೊತ್ತಿಗೆ ಮಗು ಒಳಗೆ ಅಳಲು ಶುರುಮಾಡಿತು. ಮಗಳು ಕಾಫಿ ಲೋಟ ಹಿಡಿದು ಕೂತಿದ್ದವಳು ಓಡಲಿಲ್ಲ. ಕಿಟಕಿಗೆ ಬಗ್ಗಿ ಕೆಳಗಿನ ಮನೆಗೆ ಕೂಗಿದಳು:

"ಆಂಟೀ, ನಿಮ್ಮ ಮಗಳು ಅಳ್ತಿದ್ದಾಳೆ ನೋಡಿ."

"ಸಾಕೋಕೆ ನಿಂಗೆ ಬಿಟ್ಟಿದೀನಲ್ಲ, ಕಣ್ಣೂ, ನೀನೇ ಎತ್ಕೋ," ಎಂದು ಕೆಳಗಿನಿಂದ ಉತ್ತರ ಬಂತು.

"ಕೇಳಿದ್ಯೇನೇ ತೌಡಮ್ಮ?" ಎನ್ನುತ್ತ ಮಗಳು ಕಾಫಿಯ ಕೊನೆಯ ಗುಟುಕು ಮುಗಿಸಿ, ನಿಧಾನವಾಗಿ ಎದ್ದು ಒಳಗೆ ಹೋದಳು.