ಮಂಡಕ್ಕಿ ಬೆರೆಸಿದ ಕೋಫ್ತಾ

ಹೊನ್ನಾಳಿಯ ನಮ್ಮ ಮನೆಯಲ್ಲಿ ಮಾತು ಉರ್ದು, ಜಗಳ ಕನ್ನಡ. ಬೈಯೋದಕ್ಕೆ ಕನ್ನಡದಷ್ಟು ಅನುಕೂಲದ ಭಾಷೆ ಇನ್ನೊಂದಿಲ್ಲ ಅಂತ ಅಬ್ಬಾ ಹೇಳುತ್ತಿದ್ದರು. ಈ ಕೋಫ್ತಾದ ಕತೆ ಮುಕ್ಕಾಲು ಪಾಲು ಜಗಳವೇ ಆಗಿರೋದರಿಂದ ಕನ್ನಡದಲ್ಲಿ ಬರೆಯುವುದೇ ಸರಿ.

ಅಬ್ಬಾ ತಗಡಿನ ಟ್ರಂಕು ಮಾಡುವವರು. ಬಸ್ ಸ್ಟ್ಯಾಂಡಿನ ಹಿಂದೆ ಅಂಗಡಿ. ಎಂಬತ್ತರ ಆಚೀಚೆಯ ಆ ದಿನಗಳಲ್ಲಿ ಟ್ರಂಕಿಲ್ಲದೆ ಮದುಮಗಳು ಗಂಡನ ಮನೆಗೆ ಹೋಗುತ್ತಿರಲಿಲ್ಲ. ನ್ಯಾಮತಿ ಕಡೆಯಿಂದಲೂ ಜನ ಬಂದು ಗುಲಾಬಿ ಹೂ ಬಿಡಿಸಿದ ಟ್ರಂಕು ಹೊತ್ತುಕೊಂಡು ಹೋಗುತ್ತಿದ್ದರು. ದಿನವೆಲ್ಲ ತಗಡು ಬಡಿದು ಬಡಿದು ಅಬ್ಬಾರ ಕಿವಿ ಮಂದ, ದನಿ ಜೋರು. ಊಟಕ್ಕೆ ಕೂತು ಅವರು ಉಪ್ಪು ಕೇಳಿದರೆ ಎದುರು ಮನೆಯವರು ತಂದುಕೊಡಬೇಕು, ಹಂಗೆ.

ಇಂಥ ಗಟ್ಟಿ ಮನುಷ್ಯ ಕರಗುತ್ತಿದ್ದದ್ದು ಒಂದಕ್ಕೇ, ಅಮ್ಮಿ ಮಾಡುವ ಕೆನೆ ಕೋಫ್ತಾಕ್ಕೆ. ಕುರಿ ಕೈಮವನ್ನು ಕೊಬ್ಬಿನ ಸಮೇತ ಒರಳಲ್ಲಿ ನುಣ್ಣಗೆ ರುಬ್ಬಿ, ನಿಂಬೆಹಣ್ಣಿನ ಗಾತ್ರದ ಉಂಡೆ ಕಟ್ಟಿ, ತುಪ್ಪದಲ್ಲಿ ಕೆಂಪಗೆ ಕರಿದು, ಗಸಗಸೆ ಗೋಡಂಬಿ ಕೊಬ್ಬರಿ ಅರೆದ ಮಸಾಲೆಯಲ್ಲಿ ಕುದಿಸುವುದು. ಕೊನೆಗೆ ಕೂಡಿಟ್ಟ ಹಾಲಿನ ಕೆನೆಯನ್ನೆಲ್ಲ ಕಡೆದು ಸುರಿಯುವುದು. ಗಿರಾಕಿ ಜತೆ ಜಗಳವಾದರೆ ಅಬ್ಬಾಗೆ ಕೋಫ್ತಾ ಬೇಕು. ಜ್ವರ ಬಿಟ್ಟರೆ ಕೋಫ್ತಾ ಬೇಕು. ಮಳೆ ಬಂದರೆ ಬೇಕು, ಬರದಿದ್ದರೆ ಆ ಬೇಜಾರಿಗೆ ಬೇಕು. ಪ್ರತಿ ಸಲವೂ ನಾಲ್ಕು ಉಂಡೆ, ಒಂದು ಕಮ್ಮಿಯಿಲ್ಲ.

ಒಂದು ದಿನ ಅಂಗಡಿಯಲ್ಲಿ ಸುತ್ತಿಗೆ ಎತ್ತಿದವರು ಎದೆ ಹಿಡಿದುಕೊಂಡು ಕೂತುಬಿಟ್ಟರು. ಶಿವಮೊಗ್ಗದ ಡಾಕ್ಟರು ಪರೀಕ್ಷೆ ಮಾಡಿ, ತುಪ್ಪ, ಕೆನೆ, ಕೊಬ್ಬು ಎಲ್ಲ ಬಂದ್ ಅಂದರು. ಅಬ್ಬಾ ತಲೆಯಾಡಿಸಿಕೊಂಡು ಬಂದರು. ಬಕ್ರೀದ್ ಬಂದಾಗ, "ಒಂದಿನಕ್ಕೆ ಏನಾಗ್ತೈತೆ ಬಿಡೇ" ಅಂತ ಅಮ್ಮಿಯ ಕೈಯಿಂದ ಸೌಟು ಕಿತ್ತುಕೊಂಡು ಕೋಫ್ತಾ ಹಾಕಿಕೊಂಡರು. ಮಾರನೇ ಬೆಳಿಗ್ಗೆ ಬಾಡಿಗೆ ಕಾರಿನ ಹಿಂದಿನ ಸೀಟಿನಲ್ಲಿ ಮಲಗಿಸಿಕೊಂಡು ಮತ್ತೆ ಶಿವಮೊಗ್ಗಕ್ಕೆ ಓಡಿದೆವು. ದಾರಿಯುದ್ದಕ್ಕೂ ಅಮ್ಮಿ ಅವರ ಪಾದ ಉಜ್ಜುತ್ತಲೇ ಇದ್ದಳು. ಆ ದೇವರು ಹೆಂಗೋ ವಾಪಸ್ ಕೊಟ್ಟ. ಆದರೆ ಅವತ್ತಿನಿಂದ "ಒಂದಿನ" ಅನ್ನುವ ಮಾತು ಕೇಳಿದರೆ ಅಮ್ಮಿಯ ಮುಖ ಬಿಳಿಚಿಕೊಳ್ಳುತ್ತಿತ್ತು.

ಹಂಗಂತ ಬರೀ ಗಂಜಿ ಕುಡಿದು ಬದುಕುವ ಗಿರಾಕಿಯೇ ಅಬ್ಬಾ? ಮನೆಯಲ್ಲಿ ಸಿಗದಿದ್ದರೆ ಹೋಟೆಲಿಗೆ ಹೋಗುತ್ತೇನೆ ಅಂತ ಬೆದರಿಸಿದರು. ಅಮ್ಮಿ ಯೋಚನೆ ಮಾಡಿದಳು. ಅಬ್ಬಾ ಎಣಿಸುವುದು ಉಂಡೆಯನ್ನು, ಮಾಂಸವನ್ನಲ್ಲ. ನಾಲ್ಕು ಉಂಡೆ ಹಂಗೇ ಇರಬೇಕು, ಒಳಗಿನದು ಮಾತ್ರ ಹಗುರ ಆಗಬೇಕು. ಅಷ್ಟೇ ತಾನೇ ಅಂದುಕೊಂಡು ನಾವಿಬ್ಬರೂ ಶುರು ಮಾಡಿದೆವು.

ಮೊದಲು ಆಲೂಗಡ್ಡೆ ಬೆರೆಸಿದೆವು. ಅದು ಬೋಂಡ ಆಯಿತು. ಸೋರೆಕಾಯಿ ತುರಿದು ಹಾಕಿದೆವು. ಉಂಡೆಗಳು ಸಾರಿನಲ್ಲಿ ಕರಗಿ, ಬಟ್ಟಲಲ್ಲಿ ಏನೂ ಕಾಣದೆ ಅಬ್ಬಾ ಸೌಟು ಹಾಕಿ ಹುಡುಕಾಡಿದರು. "ಯಾವ ಕೆರೇಲಿ ಮೀನು ಹಿಡೀತಿದೀನಿ ನಾನು? ಸೂಳೆಕೆರೇಲಾ?" ಅಂದರು. ಬ್ರೆಡ್ ಹಾಕಿದ ದಿನ, ಆಸ್ಪತ್ರೆ ವಾಸನೆ ಬರ್ತೈತೆ ಅಂತ ತಟ್ಟೆ ದೂಡಿ ಎದ್ದುಹೋದರು. ನನಗೆ ಸಿಟ್ಟು ನೆತ್ತಿಗೇರಿತು. ರುಬ್ಬಿ ರುಬ್ಬಿ ರಟ್ಟೆ ಬಿದ್ದುಹೋಗಿರುವುದು ನನ್ನದು, ಮುನಿಸು ಮಾತ್ರ ಇವರದ್ದು!

ಆ ಸಂಜೆ ಸಿಟ್ಟಿನಲ್ಲೇ ಮೆಣಸಿನಕಾಯಿ ಬಜ್ಜಿ ಕಚ್ಚಿಕೊಂಡು ಮಂಡಕ್ಕಿ ತಿನ್ನುತ್ತ ಕೂತಿದ್ದೆ. ನಮ್ಮ ಕಡೆ ಸಿಟ್ಟು ಬಂದರೂ ಮಂಡಕ್ಕಿ, ಖುಷಿಯಾದರೂ ಮಂಡಕ್ಕಿ. ಒಂದು ಹಿಡಿ ನೀರಿನ ತಂಬಿಗೆಗೆ ಬಿತ್ತು. ತೆಗೆದು ಹಿಂಡಿದೆ. ಅಂಗೈಯಲ್ಲಿ ಮೆತ್ತಗೆ, ಬೆಳ್ಳಗೆ, ರುಚಿಯಿಲ್ಲ ವಾಸನೆಯಿಲ್ಲ, ಹೇಳಿದ ಮಾತು ಕೇಳುವ ಸೊಸೆಯ ಹಾಗಿತ್ತು. "ಅಮ್ಮಿ!" ಅಂತ ಕೂಗಿದೆ.

ಕೊಬ್ಬು ತೆಗೆದ ಕೈಮ ಅರ್ಧ, ನೆನೆಸಿ ಹಿಂಡಿ ರುಬ್ಬಿದ ಮಂಡಕ್ಕಿ ಅರ್ಧ. ತುಪ್ಪದಲ್ಲಿ ಕರಿಯುವುದು ಬಿಟ್ಟು ಇಡ್ಲಿ ಪಾತ್ರೆಯಲ್ಲಿ ಹಬೆಗೆ ಇಟ್ಟೆವು. ಕೆನೆಯ ಬದಲು ಮೊಸರು. ಅದು ಒಡೆಯದಿರಲಿ ಅಂತ ಹುರಿಗಡಲೆ ಹಿಟ್ಟು ಕದಡಿ, ಸಣ್ಣ ಉರಿಯಲ್ಲಿ ಅಮ್ಮಿ ಕೈ ಬಿಡದೆ ತಿರುವಿದಳು. ಗೋಡಂಬಿ ಹೋಯಿತು, ಗಸಗಸೆ ಚಿಟಿಕೆಯಷ್ಟು ಉಳಿಯಿತು. ಸಾರು ದಪ್ಪಗೆ, ಹಾಲಿನ ಬಣ್ಣಕ್ಕೆ ಬಂತು. ಉಂಡೆ ಮುರಿದರೆ ಹತ್ತಿಯಷ್ಟು ಮೃದು. ನನಗಂತೂ ಹಳೆಯದಕ್ಕಿಂತ ಇದೇ ಹಿಡಿಸಿತು, ಆದರೆ ನನ್ನನ್ನು ಕೇಳಿದವರು ಯಾರು?

ಅಬ್ಬಾ ಒಂದು ತುತ್ತಿಗೇ ಪತ್ತೆ ಹಚ್ಚಿದರು. "ಉಫ್ ಅಂದ್ರೆ ಹಾರಿಹೋಗ್ತಾವಲ್ಲೇ ಇವು! ಇದನ್ನ ಸಂತೇಬೆನ್ನೂರು ಸಂತೇಲಿ ಮಂಡಕ್ಕಿ ಜತೆಗೇ ಅಳೆದು ಮಾರಬೋದು." ಹೀಗೆ ಬೈಯುತ್ತಲೇ ನಾಲ್ಕೂ ತಿಂದರು. ಮುಂದಿನ ವಾರವೂ ಬೈದರು, ತಿಂದರು. ತಿಂಗಳುಗಟ್ಟಲೆ ಇದೇ ನಡೆಯಿತು. ಎದೆನೋವು ಮತ್ತೆ ಬರಲಿಲ್ಲ. ಬೈಗುಳಕ್ಕೆ ಅಮ್ಮಿ ಬೇಜಾರು ಮಾಡಿಕೊಳ್ಳಲೂ ಇಲ್ಲ. ಬೈಯಾಕೆ ಉಸಿರೈತಲ್ಲ, ಬೈಲಿ ಬಿಡು ಅಂತಿದ್ದಳು.

ಅಷ್ಟರಲ್ಲಿ ನನಗೆ ಜಗಳೂರಿನಿಂದ ಸಂಬಂಧ ಬಂತು. ಹುಡುಗನನ್ನು ಚನ್ನಗಿರಿಯ ಒಂದು ಮದುವೆಯಲ್ಲಿ ನೋಡಿದ್ದೆ. ಅವನೂ ನೋಡಿದ್ದ. ಹುಡುಗ ಚೆನ್ನಾಗಿದ್ದ ಅಂತ ಈಗ ಬರೆಯುವುದಕ್ಕೆ ನನಗೇನೂ ನಾಚಿಕೆಯಿಲ್ಲ. ಮಾತು ಮುಗಿಸಲು ಅವನ ತಂದೆ ತಾಯಿ ಊಟಕ್ಕೆ ಬರುವುದು ಅಂತ ನಿಶ್ಚಯವಾಯಿತು.

ಅಬ್ಬಾರ ಕಣ್ಣು ಮಿನುಗಿತು. "ಆವತ್ತು ಹಳೇ ಕೋಫ್ತಾನೇ ಆಗಬೇಕು. ಮಾಂಸಕ್ಕೆ ಮಂಡಕ್ಕಿ ಬೆರೆಸೋ ಜಿಪುಣರು ಅಂದ್ರೆ ಯಾರು ಹೆಣ್ಣು ತಗೊಂಡು ಹೋಗ್ತಾರೆ? ನಾನೂ ಅವರ ಜತೆ ತಿಂತೀನಿ. ಒಂದಿನಕ್ಕೆ ಏನಾಗ್ತೈತೆ?"

ಅವರು ಹೇಳಿದ್ದರಲ್ಲಿ ನಿಜವಿತ್ತು. ಮಾಂಸಕ್ಕೆ ಏನಾದರೂ ಬೆರೆಸಿ ಅತಿಥಿಗೆ ಬಡಿಸುವುದು ನಮ್ಮಲ್ಲಿ ಮರ್ಯಾದೆಗೇಡು. ಬೀಗರಿಗೆ ಒಂದು ಪಾತ್ರೆ, ಅಬ್ಬಾಗೆ ಒಂದು ಪಾತ್ರೆ ಮಾಡೋಣ ಅಂದರೆ ಅದೂ ಆಗದು. ನಮ್ಮಲ್ಲಿ ಬೀಗರು ಬೀಗರು ಒಂದೇ ದೊಡ್ಡ ತಬಕಿನಲ್ಲಿ ಕೈ ಹಾಕಿ ಉಣ್ಣಬೇಕು. ಇವರು ಒಳ್ಳೆಯ ತುಂಡನ್ನು ಅವರ ಕಡೆ ಸರಿಸಬೇಕು, ಅವರು ಅದನ್ನು ಇವರ ಕಡೆ ತಳ್ಳಬೇಕು. ಬೇಡ ಅಂದವನು ಸಂಬಂಧವೇ ಬೇಡ ಅಂದಹಾಗೆ. ತಬಕಿನಲ್ಲಿ ಏನಿರುತ್ತದೋ ಅದು ಅಬ್ಬಾರ ಹೊಟ್ಟೆಗೆ ಹೋಗಿಯೇ ಹೋಗುತ್ತದೆ.

ಆ ದಿನ ಬೆಳಿಗ್ಗೆ ಅಬ್ಬಾ ತಾವೇ ಹೋಗಿ ಕೊಬ್ಬು ತುಂಬಿದ ಕೈಮ ತಂದು, ಕೆನೆಯ ಪಾತ್ರೆಯನ್ನು ಒಲೆಯ ಪಕ್ಕ ಇಟ್ಟು, "ನೆನಪೈತಲ್ಲ?" ಅಂದರು. "ಆಯ್ತು ಹೋಗ್ರಿ ಅತ್ಲಾಗೆ, ಅಡಿಗೆಮನೇಲಿ ನಿಮಗೇನ್ ಕೆಲಸ?" ಅಂದಳು ಅಮ್ಮಿ. ಅವರು ಆಚೆ ಹೋಗಿದ್ದೇ ತಡ, ಕೊಬ್ಬನ್ನೆಲ್ಲ ಬೇರೆ ಮಾಡಿ ಎತ್ತಿಟ್ಟು, ಮಂಡಕ್ಕಿ ಚೀಲ ಎಳೆದಳು.

"ಅಮ್ಮಿ, ಬೀಗರಿಗೆ ಗೊತ್ತಾದ್ರೆ?"

"ಗೊತ್ತಾದ್ರೆ ಸಂಬಂಧ ಹೋಗ್ತೈತೆ. ಇನ್ನೊಂದು ಹುಡುಕಬೋದು. ನಿಮ್ಮಪ್ಪನ್ನ ಎಲ್ಲಿ ಹುಡುಕಾಕೆ ಹೋಗ್ಲಿ?"

ಹುಡುಗ ಚೆನ್ನಾಗಿದ್ದ ಅಂತ ಅವಳ ಹತ್ತಿರ ಹೇಳುವುದಾದರೂ ಹೆಂಗೆ? ಬಾಯಿ ಮುಚ್ಚಿಕೊಂಡು ಒರಳ ಮುಂದೆ ಕೂತೆ. ಅವಸರದಲ್ಲಿ ಮಂಡಕ್ಕಿಯ ನೀರು ಸರಿಯಾಗಿ ಹಿಂಡಿರಲಿಲ್ಲ, ಉಂಡೆ ಕೂಡಿಬರಲಿಲ್ಲ. ಅಮ್ಮಿ ನೀರು ಹೀರಲಿ ಅಂತ ಎರಡು ಹಿಡಿ ಒಣ ಮಂಡಕ್ಕಿಯನ್ನು ರುಬ್ಬದೆ ಹಂಗೇ ಸೇರಿಸಿಬಿಟ್ಟಳು. ಆಗ ಉಂಡೆ ನಿಂತಿತು. ಕೆನೆಯ ಪಾತ್ರೆ ಅಟ್ಟ ಸೇರಿತು.

ಮಧ್ಯಾಹ್ನ ಬೀಗರು ಬಂದರು. ಹುಡುಗನ ತಾಯಿ ಒಳಗೆ ಬಂದು ಚಾಪೆಯ ಮೇಲೆ ಕೂತು ನನ್ನ ಜಡೆ ಅಸಲಿಯೋ ಅಂತ ಎಳೆದು ನೋಡಿದರು. ತಂದೆ ನಡುಮನೆಯಲ್ಲಿ ಅಬ್ಬಾರ ಎದುರು ಕೂತರು. ಅವರು ಬಟ್ಟೆ ವ್ಯಾಪಾರಿ. ದಪ್ಪ ಕನ್ನಡಕ, ಸಿಕ್ಕಿದ್ದನ್ನೆಲ್ಲ ಕಣ್ಣಿನ ಹತ್ತಿರ ಹಿಡಿದು ನೂಲು ಎಣಿಸುವ ಅಭ್ಯಾಸ. ಇಂಥವರೇ ಬರಬೇಕಾ ನನ್ನ ಕರ್ಮಕ್ಕೆ! ಗಂಡಸರಿಗೆ ಮೊದಲು ತಬಕು ಇಟ್ಟು ನಾನೂ ಅಮ್ಮಿಯೂ ಪರದೆಯ ಸಂದಿಯಲ್ಲಿ ನಿಂತೆವು.

ಅಬ್ಬಾ ಮೊದಲ ತುತ್ತು ಬಾಯಿಗಿಟ್ಟರು. ಅಗಿಯುವುದು ನಿಂತಿತು. ತಿಂಗಳುಗಟ್ಟಲೆ ತಿಂದ ರುಚಿ, ಗೊತ್ತಾಗದೆ ಇರುತ್ತದೆಯೇ? ಕಣ್ಣು ದೊಡ್ಡದಾಗಿ ಪರದೆಯ ಕಡೆ ತಿರುಗಿತು. ಆ ನೋಟದಲ್ಲಿದ್ದ ಬೈಗುಳ ಬರೆದರೆ ಈ ಪುಟ ಸಾಲದು.

ಅಷ್ಟರಲ್ಲಿ ಬೀಗರು ಒಂದು ಕೋಫ್ತಾ ಮುರಿದರು. ಒಳಗಿನಿಂದ ಏನನ್ನೋ ಎರಡು ಬೆರಳಲ್ಲಿ ಹೆಕ್ಕಿ ಕನ್ನಡಕದ ಹತ್ತಿರ ಹಿಡಿದರು. ಬೆಳ್ಳಗೆ, ಗುಂಡಗೆ, ಚೂರೂ ಮುರಿಯದೆ ಇತ್ತು. "ಇದೇನ್ರಿ ಇದು? ಮಂಡಕ್ಕಿ?"

ಅಮ್ಮಿಯ ಉಗುರು ನನ್ನ ತೋಳಿಗೆ ನಾಟಿತು. ಅವಳ ಮುಖ ಬಾಡಿ ಹೋಗಿತ್ತು. ತಪ್ಪು ನನ್ನದು ಅನ್ನಲು ಪರದೆ ಸರಿಸಿ ಒಂದು ಹೆಜ್ಜೆ ಮುಂದಿಟ್ಟೇಬಿಟ್ಟಳು. ಅಬ್ಬಾ ಅವಳನ್ನು ನೋಡಿದರು. ನೋಡಿದವರೇ ತೊಡೆ ತಟ್ಟಿಕೊಂಡು ಎದುರು ಮನೆಗೂ ಕೇಳುವಂತೆ ಕೂಗಿದರು.

"ಸಿಕ್ತಾ! ನಿಮಗೇ ಸಿಕ್ತಾ! ಶಹಬ್ಬಾಸ್! ಏನ್ ನಸೀಬು ರೀ ನಿಮ್ದು!"

ಬೀಗರು ಕಕ್ಕಾಬಿಕ್ಕಿ. ಅಬ್ಬಾ ನಿಲ್ಲಿಸಲಿಲ್ಲ. "ನಮ್ಮ ಮನೆತನದ ಪದ್ಧತಿ ರೀ ಇದು. ನಮ್ಮಜ್ಜಿ ಕಾಲದಿಂದ ಬಂದಿದ್ದು. ಸಂಬಂಧ ಮಾತಾಡೋ ದಿನ ಒಂದೇ ಒಂದು ಕೋಫ್ತಾದಾಗೆ ಒಂದೇ ಒಂದು ಮಂಡಕ್ಕಿ ಕಾಳು ಇಡ್ತೀವಿ. ಅದು ಯಾರಿಗೆ ಸಿಗ್ತೈತೋ ಅವರ ಮನೇಗೆ ಹುಡುಗಿ ಜತೆ ದೇವರ ಬರಕತ್ತೂ ಹೋಗ್ತೈತೆ, ಇದ್ದದ್ದೆಲ್ಲ ಹೆಚ್ಚತೈತೆ."

ಅಬ್ಬಾರ ಅಜ್ಜಿ ಕೋಫ್ತಾ ಮಾಡಿದ್ದನ್ನು ಯಾರೂ ಕೇಳಿರಲಿಲ್ಲ. ಬೀಗರು ಆ ಕಾಳನ್ನು ತಿರುಗಿಸಿ ತಿರುಗಿಸಿ ನೋಡಿ ಬಾಯಿಗೆ ಹಾಕಿಕೊಂಡರು. ಅವರು ಇನ್ನೊಂದು ಕೋಫ್ತಾ ಮುರಿದರು. ಅದರಲ್ಲಿ ಎರಡು ಕಾಳು.

"ಇದು?"

"ಬರಕತ್ ಇವತ್ತು ಸ್ವಲ್ಪ ಜಾಸ್ತಿನೇ ಐತೆ" ಅಂದರು ಅಬ್ಬಾ, ಕಣ್ಣು ಮಿಟುಕಿಸದೆ.

ಬೀಗರ ಹೊಟ್ಟೆ ಮೊದಲು ಕುಲುಕಿತು, ಆಮೇಲೆ ಭುಜ, ಆಮೇಲೆ ಕನ್ನಡಕ ಜಾರಿತು. ನಗುತ್ತಲೇ ಒಂದು ಕೋಫ್ತಾವನ್ನು ಅಬ್ಬಾರ ಕಡೆ ತಳ್ಳಿದರು. ಅಬ್ಬಾ ತಿಂದರು. ಅವರು ಇನ್ನೊಂದು ತಳ್ಳಿದರು, ಅದನ್ನೂ ತಿಂದರು. ಮಾತು ಮುಗಿಯಿತು, ತಾರೀಖು ನಿಗದಿಯಾಯಿತು. ಜಗಳೂರಿನಲ್ಲಿ ನನ್ನ ಗಂಡನ ಮನೆಯವರು ಇವತ್ತಿಗೂ ಸಂಬಂಧ ಮಾತಾಡುವ ದಿನ ಕೋಫ್ತಾದಲ್ಲಿ ಮಂಡಕ್ಕಿ ಇಡುತ್ತಾರೆ, ಹೊನ್ನಾಳಿಯ ಹಳೇ ಪದ್ಧತಿ ಅಂತ. ನಾನು ತುಟಿ ಬಿಚ್ಚಿಲ್ಲ.

ಬೀಗರನ್ನು ಬಸ್ಸು ಹತ್ತಿಸಿ ಬಂದ ಅಬ್ಬಾ ನೇರ ಅಡಿಗೆಮನೆಗೆ ಬಂದರು. ಅಮ್ಮಿ ಪಾತ್ರೆಗಳ ಮಧ್ಯೆ ಕೂತಿದ್ದಳು.

"ಸತ್ತ ಅಜ್ಜಿ ಮೇಲೆ ಸುಳ್ಳು ಹೇಳಿಸಿದೆಯಲ್ಲೇ ನನ್ನ ಕೈಲಿ! ಮಾತು ಕೊಟ್ಟಿದ್ದೆ ತಾನೇ ನೀನು?"

ದೊಡ್ಡ ಜಗಳ ಬಂತು ಅಂದುಕೊಂಡು ನಾನು ಗೋಡೆಗೆ ಒರಗಿ ನಿಂತೆ. ಅಮ್ಮಿ ತಿರುಗಿ ಬೈಯಲಿಲ್ಲ. ಸೆರಗನ್ನು ಮುಖಕ್ಕೆ ಒತ್ತಿಕೊಂಡು ಅತ್ತುಬಿಟ್ಟಳು. ಆಸ್ಪತ್ರೆಯಲ್ಲೂ ಅಳದ ಹೆಂಗಸು. "ನಂಗೆ ಹೆದರಿಕೆ ಆಗ್ತೈತೆ ರೀ. ನೀವು ಒಂದಿನ ಒಂದಿನ ಅಂತೀರಿ. ಆ ಕಾರಿನಾಗೆ ನಿಮ್ಮ ಕಾಲು ತಣ್ಣಗಾಗಿದ್ದು ನನ್ನ ಕೈಗೆ ಗೊತ್ತು. ನಿಮಗೆ ಗೊತ್ತಿಲ್ಲ."

ಅಬ್ಬಾ ಪಂಚೆ ಎತ್ತಿಕೊಂಡು, ಒದ್ದೆ ನೆಲದ ಮೇಲೆ ಅವಳ ಎದುರಿಗೇ ಚಕ್ಕಳಮಕ್ಕಳ ಹಾಕಿ ಕೂತು, ಮೆಲ್ಲನೆ ಕೇಳಿದರು. "ಆ ಮಂಡಕ್ಕಿದು ಉಳಿದೈತೇನು? ಎರಡು ಹಾಕು."

ಅಮ್ಮಿ ಮೂಗು ಒರೆಸಿಕೊಂಡು ಪಾತ್ರೆಯ ಮುಚ್ಚಳ ತೆಗೆದಳು. ಒಂದೇ ಹಾಕಿದಳು.