ಗರುಡನ ಎಡರೆಕ್ಕೆ

ತೆರಕಣಾಂಬಿಯ ಬಸ್‌ಸ್ಟ್ಯಾಂಡಿನ ಎದುರು ಹೊಲಿಗೆ ಅಂಗಡಿ ಇಟ್ಟಿದ್ದ ಆ ಟೈಲರಕ್ಕ ಯಾವ ಬಟ್ಟೆಯ ಚಿತ್ರ ತೋರಿಸಿದರೂ ಒಂದೇ ಪ್ರಶ್ನೆ ಕೇಳುತ್ತಿದ್ದರು. "ಇದ ಆಕ್ಕಂಡು ಕುಂತ್ಕಳದೆಂಗೆ?" ಕೇಳುವಾಗ ಕೊರಳಿನ ಟೇಪನ್ನು ಎರಡೂ ಕೈಯಲ್ಲಿ ಹಿಡಿದು ಜಗ್ಗುತ್ತಿದ್ದರು.

ನಮ್ಮ ಶಾಲೆಯ ಮಕ್ಕಳು ಚಾಮರಾಜನಗರದಲ್ಲಿ ಒಂದು ನೃತ್ಯರೂಪಕ ಆಡಬೇಕಿತ್ತು. ಲೋಕದ ರೆಕ್ಕೆಯವರೆಲ್ಲ ಅದರಲ್ಲಿ ಸೇರುತ್ತಿದ್ದರು. ಗ್ರೀಕರ ಹಾರುವ ಕುದುರೆ, ಕ್ರೈಸ್ತರ ದೇವದೂತ, ನಮ್ಮ ಗರುಡ, ಎಲ್ಲರನ್ನೂ ವೇಷ ಹೊಲಿಸಲೆಂದು ಅಕ್ಕನಿಗೆ ಮೊಬೈಲಿನಲ್ಲಿ ತೋರಿಸಿದೆ. ಅಕ್ಕ ದೇವದೂತನನ್ನು ದೊಡ್ಡದು ಮಾಡಿ ನೋಡಿ, "ಪಾಪ, ಗೋಡೆಗೆ ಒರಗಕ್ಕೂ ಆಗಾಕಿಲ್ವಲ್ಲ ಮೇಷ್ಟ್ರೇ," ಎಂದು ಮರುಗಿದರು. ಆಮೇಲೆ ಹಳೇ ಕೊಡೆಗಳ ಕಡ್ಡಿ ಬಿಚ್ಚಿ, ಮಡಚುವ ರೆಕ್ಕೆ ಹೊಲಿದುಕೊಟ್ಟರು. ಮಕ್ಕಳು ಬಸ್ಸಿನಲ್ಲಿ ಆರಾಮಾಗಿ ಕೂತು ಹೋದರು. ಅಕ್ಕನೂ ಸೂಜಿದಾರ ಹಿಡಿದು ಜೊತೆಗೆ ಬಂದರು.

ಗರುಡನಾಗಿದ್ದ ಹುಡುಗಿ ವೇದಿಕೆ ಹತ್ತುವ ಹೊತ್ತಿಗೆ ಎಡರೆಕ್ಕೆಯ ಕಡ್ಡಿ ಮುರಿದು ಜೋತುಬಿತ್ತು. ಹೊಲಿಯಲು ಸಮಯವಿರಲಿಲ್ಲ. ಹುಡುಗಿಯ ಕಣ್ಣು ತುಂಬಿತು.

"ಅಳಬ್ಯಾಡ ಕಣಮ್ಮಿ, ನಾನ್ ಇಡ್ಕತೀನಿ ನಡಿ," ಎಂದ ಅಕ್ಕ ಸೆರಗು ಸಿಕ್ಕಿಸಿ, ಅವಳ ಬೆನ್ನ ಹಿಂದೆ ಬಗ್ಗಿ, ರೆಕ್ಕೆ ಎತ್ತಿ ಹಿಡಿದು ಹೊರಟೇಬಿಟ್ಟರು. ನಾಲ್ಕು ಕಾಲಿನ ಗರುಡನನ್ನು ಕಂಡು ಸಭೆ ಗೊಳ್ಳೆಂದಿತು. ನಾನು ತಲೆ ತಗ್ಗಿಸಿದೆ. ಅಕ್ಕ ಮಾತ್ರ ರೆಕ್ಕೆ ಬಡಿಯತೊಡಗಿದರು. ಹುಡುಗಿಗೂ ನಗು ಬಂದು, ಇಬ್ಬರೂ ವೇದಿಕೆಯ ತುಂಬ ಓಡಿದರು. ನೋಡುನೋಡುತ್ತಿದ್ದಂತೆ ಶಿಳ್ಳೆ, ಚಪ್ಪಾಳೆ. ಹಾಡು ಮುಗಿದರೂ ಗರುಡ ಇಳಿಯಲಿಲ್ಲ.

"ಅಕ್ಕಾ, ಸಾಕು ಬನ್ನಿ!" ಎಂದು ಪರದೆಯ ಮರೆಯಿಂದ ಕೂಗಿದೆ.

ಅಕ್ಕ ಏದುಸಿರಿನಲ್ಲೇ ಕೂಗಿದರು, "ತಡೀರಿ ಮೇಷ್ಟ್ರೇ, ಇನ್ನೊಂದ್ ಸುತ್ತು ಓಗ್ಬುಟ್ ಬತ್ತೀವಿ!"