ಸೆರಗಿನ ಹಿಂದಿನ ವೀರಬಸಮ್ಮ

ಗದ್ವಾಲ ಕೋಟೆಯ ಬಾಗಿಲಿಗೆ ಇನ್ನೂ ಬಿಸಿಲು ತಾಕಿಲ್ಲ. ಸಿನಿಮಾ ತಂಡದ ಚಹಾ ಡ್ರಮ್ಮಿನ ಪಕ್ಕ ಇಬ್ಬರು ಮುದುಕಿಯರ ಜಗಳ ಮಾತ್ರ ಆಗಲೇ ಕಾವೇರಿದೆ. ಎಂಕಮ್ಮ ಗೆಳತಿಯ ಸೆರಗನ್ನು ಸೊಂಟಕ್ಕೆ ಬಿಗಿದು ಪಿನ್ನು ಚುಚ್ಚುತ್ತಿದ್ದಾಳೆ. ವೀರಬಸಮ್ಮ ಕೊಸರಾಡುತ್ತಾಳೆ.

"ಬಿಡs ತಾಯಿ, ಉಸಿರು ಕಟ್ಟತೈತಿ."

"ಕಟ್ಟಲಿ. ರಾಜ ಬಂದ ಅಂದ್ರ ನಿನ್ನ ಕೈ ಸುಮ್ನ ಇರಂಗಿಲ್ಲ. ಈ ಸಲನರ ನಿನ್ನ ಮುಖ ಕಾಣಬೇಕು."

ಇಬ್ಬರೂ ಮಖ್ತಲದವರು, ಅಕ್ಕಪಕ್ಕದ ಮನೆಯವರು. ವೀರಬಸಮ್ಮನಿಗೀಗ ಎಪ್ಪತ್ತೆಂಟು. ಬಸ್‌ಸ್ಟ್ಯಾಂಡಿನ ಖಾನಾವಳಿಗೆ ದಿನಾ ನೂರು ಜೋಳದ ರೊಟ್ಟಿ ಬಡಿದು ಕೊಡುವ ಈಕೆ, ಈ ಸೀಮೆಗೆ ಶೂಟಿಂಗ್ ಬಂತೆಂದರೆ ಹಂಚು ಕವುಚಿಟ್ಟು ಮೊದಲ ಬಸ್ಸು ಹತ್ತುತ್ತಾಳೆ. ಇವತ್ತಿನ ದೃಶ್ಯದಲ್ಲಿ ರಾಜ ಊರು ಬಿಟ್ಟು ಹೊರಟಿದ್ದಾನೆ, ಪ್ರಜೆಗಳು ದಾರಿಬದಿ ನಿಂತು ಕಣ್ಣೀರು ಹಾಕಬೇಕು.

ಹದಿನಾರರ ಹರೆಯದಲ್ಲಿ ಇವರಿಬ್ಬರೂ ತಮ್ಮ ಪಾಲಮೂರು ಸೀಮೆಯ ಕೂಲಿಯವರ ಗುಂಪಿನೊಂದಿಗೆ ಮದರಾಸಿಗೆ ಹೋದವರು. ಕೆಲಸ ಒಂದು ಸ್ಟುಡಿಯೋದಲ್ಲಿ. ಬೆಳಿಗ್ಗೆ ಸೆಟ್ಟಿನ ಅರಮನೆಗೆ ಗಾರೆ ಹೊತ್ತವರೇ ಮಧ್ಯಾಹ್ನ ಅದೇ ಅರಮನೆಯ ಮುಂದೆ ಪ್ರಜೆಗಳಾಗಿ ನಿಲ್ಲುತ್ತಿದ್ದರು.

"ಆ ಲೈಟಿನ ಝಳಕ್ಕ ಮೈ ಸುಡತಿತ್ತ್ರಿ. ನಿಂತು ನಿಂತು ಕಾಲು ಬಾತು ಕುಂಬಳಕಾಯಿ ಆಗತಿದ್ದವು," ಎನ್ನುವಾಗಲೂ ವೀರಬಸಮ್ಮನಿಗೆ ನಗು. "ಆದ್ರ ಒಂದು ವಾರದಾಗ ನಾನು ದಾಸಿ ಆದೆ, ಭಿಕ್ಷುಕಿ ಆದೆ, ಮದುವಿಗೆ ಬಂದ ಬೀಗತಿನೂ ಆದೆ. ಗಾರಿ ಹೊತ್ರ ಇದೆಲ್ಲಾ ಆಗಾಕ ಬರತೈತೇನ್ರಿ?"

ಒಂದು ದಿನ ಅದೃಷ್ಟ ಖುಲಾಯಿಸಿತು. ನಿರ್ದೇಶಕರು ಇಬ್ಬರು ಹುಡುಗಿಯರನ್ನೂ ಮುಂದಿನ ಸಾಲಿನಲ್ಲಿ ನಿಲ್ಲಿಸಿದರು. ರಾಜನ ಮೆರವಣಿಗೆ ಬರುವಾಗ ಕ್ಯಾಮರಾ ಇವರ ಮುಖದ ಹತ್ತಿರವೇ ಹಾಯಬೇಕು. ರಾಜ ಬಂದ. ದೊಡ್ಡವರು ಎದುರಾದರೆ ಊರಲ್ಲಿ ಹೆಣ್ಣುಮಕ್ಕಳು ಏನು ಮಾಡುತ್ತಾರೋ ವೀರಬಸಮ್ಮ ಅದನ್ನೇ ಮಾಡಿದಳು: ಸೆರಗನ್ನು ಮೂಗಿನ ತನಕ ಎಳೆದು ತಲೆ ತಗ್ಗಿಸಿದಳು. ಕೈಗೆ ಬಂದ ತುತ್ತು ಬಾಯಿಗೆ ಬರಲಿಲ್ಲ. ಒಬ್ಬ ಎಕ್ಸ್‌ಟ್ರಾ ಹುಡುಗಿಗಾಗಿ ಮತ್ತೊಂದು ಟೇಕ್ ಯಾರು ತೆಗೆಯುತ್ತಾರೆ?

ಮಖ್ತಲದ ಟಾಕೀಸಿಗೆ ಆ ಸಿನಿಮಾ ಬಂದಾಗ ಎಂಕಮ್ಮನ ಮುಖ ಪರದೆ ತುಂಬ ಅರಳಿತ್ತು, ಪಕ್ಕದಲ್ಲೊಂದು ಸೆರಗಿತ್ತು. ಅವತ್ತಿನಿಂದ ಆಕೆ ಊರಿಗೆಲ್ಲ ಸಿನಿಮಾ ಎಂಕಮ್ಮ. ವೀರಬಸಮ್ಮನ ಮಾತನ್ನು ಕಟ್ಟಿಕೊಂಡ ಗಂಡನೇ ನಂಬಲಿಲ್ಲ.

"ಆ ಸೆರಗು ನಿಂದs ಅನ್ನಾಕ ಸಾಕ್ಷಿ ಏನೈತಿ ಅಂತ ನಮ್ಮ ಮನಿಯವರು ಇರೋತನಕ ಕಾಡಿಸಿದ್ರು," ಎನ್ನುತ್ತಾಳೆ. ಆಮೇಲೆ ಎಷ್ಟೋ ಗುಂಪುಗಳಲ್ಲಿ ನಿಂತರೂ ಕ್ಯಾಮರಾ ಮತ್ತೆ ಅಷ್ಟು ಹತ್ತಿರ ಬರಲಿಲ್ಲ. ಇವತ್ತು ಬರುತ್ತದಂತೆ.

ಟೇಕ್ ಶುರುವಾಗುತ್ತದೆ. ಕುದುರೆಯ ಮೇಲೆ ರಾಜ ಬರುತ್ತಾನೆ. ಹುಟ್ಟುಗುಣ ಸುಟ್ಟರೂ ಹೋಗದು ನೋಡಿ, ವೀರಬಸಮ್ಮನ ಕೈ ತಾನಾಗಿ ಸೆರಗಿಗೆ ಹೋಗುತ್ತದೆ. ಪಿನ್ನು ಬಿಡುವುದಿಲ್ಲ. ಬೇರೆ ದಾರಿಯಿಲ್ಲದೆ ಆಕೆ ತಲೆ ಎತ್ತಿ ರಾಜನನ್ನೇ ನೋಡುತ್ತಾಳೆ, ಅಳುವುದನ್ನು ಮರೆಯುತ್ತಾಳೆ.

"ಏ ರಾಜಾ, ನಿಂದ್ರಪಾ," ಎನ್ನುತ್ತಾಳೆ ಗಟ್ಟಿಯಾಗಿ. "ನಿನ್ನ ಮೀಸಿ ಒಂದು ಕಡಿ ಬಿಚ್ಚೈತಿ."

ಕುದುರೆ ನಿಲ್ಲುತ್ತದೆ. ರಾಜ ತುಟಿ ಮುಟ್ಟಿ ನೋಡಿಕೊಳ್ಳುತ್ತಾನೆ. ಮೊದಲು ನಕ್ಕವನು ಅವನೇ. ಆಮೇಲೆ ಕೋಟೆಗೆ ಕೋಟೆಯೇ ಹೊಟ್ಟೆ ಹುಣ್ಣಾಗುವಂತೆ ನಗುತ್ತದೆ. ಮೇಕಪ್ಪಿನವನು ಅಂಟು ಹಿಡಿದು ಓಡಿಬರುವಷ್ಟರಲ್ಲಿ ನಿರ್ದೇಶಕಿ ಅಜ್ಜಿಯ ಕೈ ಹಿಡಿದು ಎಲ್ಲರಿಗಿಂತ ಮುಂದೆ ತಂದು ನಿಲ್ಲಿಸುತ್ತಾಳೆ. ಎರಡನೇ ಟೇಕ್ ಓಕೆ ಆಗುತ್ತದೆ. ಹಿಂದಿನ ಸಾಲಿಗೆ ಬಿದ್ದ ಎಂಕಮ್ಮ, "ನನ್ನ ಮುಖಕ್ಕ ಇಕಿ ಬೆನ್ನು ಅಡ್ಡ ಬಂತ್ರಿ," ಎಂದು ದೂರುತ್ತಲೇ ಗೆಳತಿಗೆ ಚಹಾ ತಂದು ಕೊಡುತ್ತಾಳೆ.

ಈ ಸಲವಾದರೂ ಮುಖ ಪರದೆಯ ಮೇಲೆ ಉಳಿಯುತ್ತದೆಯೇ ಎಂದರೆ ವೀರಬಸಮ್ಮ ಚಹಾ ಊದುತ್ತಾ ಹೇಳುತ್ತಾಳೆ:

"ಕತ್ತರಿ ಅವರ ಕೈಯಾಗೈತ್ರಿ. ಇಟ್ರ ಇಡಲಿ, ತೆಗದ್ರ ತೆಗೀಲಿ. ಆವಾಗ ರಾಜ ಬಂದ ಅಂತ ನಾ ತಲಿ ತಗ್ಗಿಸಿದ್ದೆ. ಇವತ್ತು ನನ್ನ ಮಾತಿಗೆ ರಾಜನs ಕುದುರಿ ನಿಲ್ಲಿಸಿದ."